ಸುಳ್ಳು ಹೇಳಿದರೆ ಏನು ಬರುತ್ತೆ?

ನಮ್ಮ ವಾಚನಾಲಯದಲ್ಲಿ ಶನಿವಾರ ಸಂಜೆ ಮಕ್ಕಳಿಗೆ ಕಥೆ ಓದುವ ರೂಢಿ ಇದೆ. ಓದುವವರು ಯಾರೂ ಸಿಗದ ದಿನ ನನ್ನ ಪಾಳಿ. ಹೋದ ಮಳೆಗಾಲದ ಒಂದು ಶನಿವಾರ ಅರ್ಧ ಕಥೆಯಲ್ಲಿ ಕರೆಂಟು ಹೋಯಿತು. ಪುಸ್ತಕ ಕಾಣದು, ಹೊರಗೆ ಮಳೆ, ಮಕ್ಕಳನ್ನು ಮನೆಗೆ ಕಳಿಸುವ ಹಾಗೂ ಇಲ್ಲ. ಬಾಯಿಗೆ ಬಂದದ್ದನ್ನು ಹೇಳತೊಡಗಿದೆ.

ಒಂದೂರಲ್ಲಿ ಒಬ್ಬ ಒಂದು ಯಂತ್ರ ಮಾಡಿದನಂತೆ. ಅದಕ್ಕೆ ಮೇಲೊಂದು ಕೊಳವೆ, ಕೆಳಗೊಂದು ಬಾಗಿಲು. ಕೊಳವೆಗೆ ಬಾಯಿಟ್ಟು ಯಾವ ಹೆಸರು ಹೇಳಿದರೆ ಆ ವಸ್ತು ಕೆಳಗಿನ ಬಾಗಿಲಿಂದ ಬರುತ್ತೆ. ‘ಕೊಡ’ ಅಂದರೆ ಕೊಡ, ‘ಚಪ್ಪಲಿ’ ಅಂದರೆ ಚಪ್ಪಲಿ. ದನಿಯೇ ಗಟ್ಟಿಯಾಗಿ ವಸ್ತು ಆಗುತ್ತೆ. ಮಕ್ಕಳಿಗೆ ಖುಷಿಯೋ ಖುಷಿ. ಒಬ್ಬ ಸೈಕಲ್ ಅಂದ, ಇನ್ನೊಬ್ಬ ಬಿರಿಯಾನಿ ಅಂದ, ಮತ್ತೊಬ್ಬ ‘ಲೆಕ್ಕದ ಮೇಷ್ಟ್ರಿಗೆ ರಜೆ’ ಅಂದ. ಐದನೇ ಕ್ಲಾಸಿನ ಒಂದು ಹುಡುಗಿ ಮಾತ್ರ ಸುಮ್ಮನೆ ಕೂತಿದ್ದವಳು ಕೇಳಿದಳು:

“ಸಾರ್, ಅದಕ್ಕೆ ಸುಳ್ಳು ಹೇಳಿದ್ರೆ ಏನ್ ಬರುತ್ತೆ?”

ಉತ್ತರ ಹೊಳೆಯಲಿಲ್ಲ. ಅಷ್ಟರಲ್ಲಿ ಕರೆಂಟು ಬಂತು, ಮಕ್ಕಳು ಹೋ ಅಂದು ಎದ್ದು ಓಡಿದರು, ನಾನು ಬಚಾವಾದೆ. ಆದರೆ ಪ್ರಶ್ನೆ ನನ್ನ ಹಿಂದೆಯೇ ಮನೆಗೆ ಬಂತು. ಮೂವತ್ತು ವರ್ಷ ಪಾಠ ಹೇಳಿದವನಿಗೆ ಒಂದು ಮಗುವಿನ ಪ್ರಶ್ನೆಗೆ ಉತ್ತರ ಹುಡುಕಲು ಇಷ್ಟು ತಿಂಗಳು ಬೇಕಾಯಿತಲ್ಲ ಎಂದು ನಾಚಿಕೆಯಾಗುತ್ತದೆ. ಸಿಕ್ಕಿದ್ದನ್ನು ಇಲ್ಲಿ ಬರೆಯುತ್ತಿದ್ದೇನೆ.

ಮೊದಲು, ಇಂಥ ಯಂತ್ರ ಬರೀ ಕಟ್ಟುಕಥೆಯೋ, ಎಲ್ಲಾದರೂ ಅದರ ನೆರಳಾದರೂ ಇದೆಯೋ ನೋಡೋಣ. ಶಾಲೆಯಲ್ಲೇ ಮಾಡಿ ನೋಡಬಹುದಾದ ಒಂದು ಆಟ ಇದೆ. ಸ್ಟೀಲ್ ಬಟ್ಟಲಿನ ಬಾಯಿಗೆ ಬಲೂನಿನ ರಬ್ಬರನ್ನು ಬಿಗಿಯಾಗಿ ಎಳೆದು ಕಟ್ಟಿ, ಮೇಲೆ ಒಂದಿಷ್ಟು ಪುಡಿಯುಪ್ಪು ಚೆಲ್ಲಿ, ಹತ್ತಿರ ಬಾಯಿಟ್ಟು ಗಟ್ಟಿಯಾಗಿ ‘ಹೂಂ’ ಅನ್ನಿ. ಉಪ್ಪು ಕುಣಿಯುತ್ತೆ. ದನಿ ಸರಿಯಾಗಿ ಹೊಂದಿದಾಗ ಗೆರೆಗಳಾಗಿ, ಬಳೆಗಳಾಗಿ ನಿಲ್ಲುತ್ತೆ. ಜರ್ಮನಿಯ ಕ್ಲಾಡ್ನಿ ಎಂಬಾತ ಲೋಹದ ತಟ್ಟೆಯ ಮೇಲೆ ಮರಳು ಹಾಕಿ, ಪಿಟೀಲಿನ ಕಮಾನಿನಿಂದ ತಟ್ಟೆಯ ಅಂಚನ್ನು ಉಜ್ಜಿ, ನಕ್ಷತ್ರದಂಥ, ರಂಗೋಲಿಯಂಥ ಚಿತ್ರಗಳನ್ನು ಬರಿಸಿ, 1787ರಲ್ಲಿ ಅವನ್ನು ಪುಸ್ತಕದಲ್ಲಿ ಅಚ್ಚು ಹಾಕಿಸಿದ. ನಮ್ಮ ಸಿ.ವಿ. ರಾಮನ್ ಅವರೂ ಈ ಆಟ ಆಡಿದವರೇ. 1920ರಲ್ಲಿ ಕಲ್ಕತ್ತೆಯಲ್ಲಿದ್ದಾಗ ಮೃದಂಗ, ತಬಲಾಗಳ ನಾದ ಬೇರೆ ದೇಶದ ಡೋಲುಗಳಂತೆ ಒರಟಾಗಿರದೆ ತಂತಿಯ ನಾದದಂತೆ ಇಂಪಾಗಿರುವುದು ಏಕೆ ಎಂದು ಬರೆದರು. ಬೆಂಗಳೂರಿಗೆ ಬಂದ ಮೇಲೆ 1934ರಲ್ಲಿ ಮದ್ದಳೆಯ ಚರ್ಮದ ಮೇಲೆ ಸಣ್ಣ ಮರಳು ಉದುರಿಸಿ, ಬಾರಿಸಿದಾಗ ಅದು ನಿಲ್ಲುವ ಗೆರೆಗಳ ಫೋಟೋ ಹಿಡಿದು ತೋರಿಸಿದರು. ಗುಟ್ಟು ಎಲ್ಲ ಇರುವುದು ನಡುವಿನ ಕರಿಯ ಕರಣೆಯಲ್ಲಿ. ಅದನ್ನು ಅರೆದು, ಪದರ ಪದರವಾಗಿ ಹಚ್ಚಿ, ಉಜ್ಜಿ ಕೂರಿಸುವವರು ಮದ್ದಳೆ ಮಾಡುವ ಕಸುಬುದಾರರು. ರಾಮನ್ನರು ಕಾರಣ ಹೇಳುವ ಎಷ್ಟೋ ಕಾಲದ ಮುಂಚೆ ಅವರ ಬೆರಳಿಗೆ ಅದು ಗೊತ್ತಿತ್ತು.

ಈಗಿನ ಕಾಲದಲ್ಲಿ ಇದು ಇನ್ನೂ ಮುಂದೆ ಹೋಗಿದೆ. ಬಸುರಿ ಹೆಂಗಸಿನ ಸ್ಕ್ಯಾನಿಂಗ್ ಮಾಡುವುದು ನಮ್ಮ ಕಿವಿಗೆ ಕೇಳದಷ್ಟು ಏರಿದ ದನಿಯಿಂದ. ಕೂಸಿನ ಚಿತ್ರ ಬರೆಯುವುದು ಆ ದನಿಯ ಮಾರ್ದನಿ. ಮೂತ್ರಪಿಂಡದ ಕಲ್ಲನ್ನು ಹೊರಗಿನಿಂದಲೇ ದನಿಯ ಹೊಡೆತ ಕೊಟ್ಟು ಪುಡಿ ಮಾಡುತ್ತಾರೆ. ಎರಡು ಸಾಲು ಪುಟ್ಟ ಸ್ಪೀಕರುಗಳ ನಡುವೆ ಥರ್ಮಾಕೋಲಿನ ಸಣ್ಣ ಗುಂಡುಗಳನ್ನು ಗಾಳಿಯಲ್ಲಿ ನಿಲ್ಲಿಸುತ್ತಾರೆ. 2022ರಲ್ಲಿ ಕೆನಡಾದ ಮಾಂಟ್ರಿಯಲ್‌ನ ಕಾಂಕಾರ್ಡಿಯಾ ವಿಶ್ವವಿದ್ಯಾಲಯದಲ್ಲಿ ಮುತ್ತುಕುಮಾರನ್ ಪಾಕಿರಿಸಾಮಿ ಎಂಬ ವಿಜ್ಞಾನಿಯ ತಂಡ ದನಿಯಿಂದಲೇ ವಸ್ತು ಅಚ್ಚು ಮಾಡುವುದನ್ನು ತೋರಿಸಿತು. ಪಾತ್ರೆಯಲ್ಲಿ ದ್ರವ, ಅದರೊಳಗೆ ಒಂದೇ ಬಿಂದುವಿಗೆ ದನಿಯನ್ನು ಕೂಡಿಸಿದರೆ ಅಲ್ಲಿ ಕಣ್ಣಿಗೆ ಕಾಣದ ಗುಳ್ಳೆಗಳು ಎದ್ದು ಒಡೆದು, ಕ್ಷಣಕ್ಕಿಂತ ಕಡಿಮೆ ಹೊತ್ತು ಭಾರೀ ಬಿಸಿಯಾಗಿ, ಅಷ್ಟು ಜಾಗದ ದ್ರವ ಗಟ್ಟಿಯಾಗುತ್ತೆ. ಬಿಂದುವನ್ನು ಸರಿಸುತ್ತ ಹೋದರೆ ಬೇಕಾದ ಆಕಾರ.

ಅಂದಮೇಲೆ ನನ್ನ ಯಂತ್ರ ಪೂರ್ತಿ ಸುಳ್ಳಲ್ಲ. ಆದರೆ ಒಂದು ಮಾತು ಗಮನಿಸಿ. ಉಪ್ಪು ಮೊದಲೇ ಅಲ್ಲಿತ್ತು. ಮರಳನ್ನು ಯಾರೋ ಜರಡಿ ಹಿಡಿದು ತಂದಿದ್ದರು. ದ್ರವವನ್ನು ಯಾರೋ ತಯಾರಿಸಿ ಸುರಿದಿದ್ದರು. ದನಿ ಇಲ್ಲದ್ದನ್ನು ಹುಟ್ಟಿಸಲಿಲ್ಲ, ಇದ್ದದ್ದನ್ನು ಸಾಲಿಗೆ ನಿಲ್ಲಿಸಿತು.

ನಮ್ಮ ಹಿರಿಯರು ಮಾತ್ರ ಇಲ್ಲದ್ದನ್ನೂ ಹುಟ್ಟಿಸುವ ದನಿಯನ್ನು ಕಲ್ಪಿಸಿಕೊಂಡಿದ್ದರು. ಭರ್ತೃಹರಿ ಎಂಬ ಹಳೆಯ ಪಂಡಿತ ‘ವಾಕ್ಯಪದೀಯ’ದಲ್ಲಿ ಜಗತ್ತೆಲ್ಲ ಶಬ್ದದಿಂದಲೇ ಅರಳಿದ್ದು ಎಂದ. ಅಷ್ಟು ಎತ್ತರದ ಮಾತು ನಮಗೆ ಬೇಡ. ಬಯಲಾಟದಲ್ಲಿ, ಹರಿಕಥೆಯಲ್ಲಿ ನಾವೆಲ್ಲ ನೋಡಿ ಕೇಳಿ ಅತ್ತಿರುವ ಕುಂತಿಯನ್ನೇ ತೆಗೆದುಕೊಳ್ಳಿ. ದೂರ್ವಾಸರ ಸೇವೆ ಮಾಡಿದ್ದಕ್ಕೆ ಆಕೆಗೆ ಸಿಕ್ಕಿದ್ದು ಒಂದು ಮಂತ್ರ, ಅಂದರೆ ಒಂದು ದನಿ. ಇದು ಕೆಲಸ ಮಾಡುತ್ತೋ ಇಲ್ಲವೋ ನೋಡೋಣ ಅಂತ ಹುಡುಗುಬುದ್ಧಿಯಲ್ಲಿ ಹೇಳಿದಳು. ಕೆಲಸ ಮಾಡಿತು. ಸೂರ್ಯ ಬಂದ, ಮಡಿಲಿಗೆ ಕೂಸು ಬಂತು. ಮಂತ್ರ ಹೇಳುವುದಕ್ಕೆ ಎಷ್ಟು ಹೊತ್ತು ಹಿಡಿದೀತು? ಒಂದು ಉಸಿರು. ಆ ಉಸಿರಿನ ಬೆಲೆ ಕಟ್ಟಿದವನು ಕರ್ಣ, ಪೆಟ್ಟಿಗೆಯಲ್ಲಿ ನದಿಯ ಮೇಲೆ ತೇಲಿದ ದಿನದಿಂದ ಯುದ್ಧಭೂಮಿಯಲ್ಲಿ ಬಿದ್ದ ದಿನದವರೆಗೆ. ಅದೇ ಕುಂತಿ ಮುಂದೆ ಇನ್ನೊಂದು ಸಲ, ಒಳಗಿನಿಂದಲೇ, ಮಕ್ಕಳು ತಂದದ್ದು ಏನೆಂದು ನೋಡದೆಯೇ ಹಂಚಿಕೊಳ್ಳಿ ಅಂದುಬಿಟ್ಟಳು. ಆ ಮಾತಿನ ಬೆಲೆ ದ್ರೌಪದಿಯ ಪಾಲಿಗೆ ಬಂತು. ಎರಡು ಸಲವೂ ದನಿ ತೆಗೆದವಳು ಒಬ್ಬಳು, ಬೆಲೆ ಕಟ್ಟಿದವರು ಬೇರೆಯವರು. ಇದನ್ನು ನೆನಪಲ್ಲಿಟ್ಟುಕೊಳ್ಳಿ, ಆಮೇಲೆ ಬೇಕಾಗುತ್ತೆ.

ನಮ್ಮ ಮನೆಗಳಲ್ಲಿ ಅಜ್ಜಿಯರು ಮುಸ್ಸಂಜೆ ಹೊತ್ತಲ್ಲಿ ಕೆಟ್ಟದ್ದು ಆಡಬೇಡ ಅಂತಿದ್ದರು. ಅಸ್ತು ದೇವತೆಗಳು ತಿರುಗುತ್ತಿರುತ್ತಾರೆ, ನೀನು ಅಂದದ್ದಕ್ಕೆ ‘ಅಸ್ತು’ ಅಂದುಬಿಟ್ಟರೆ ಅದು ಆಗಿಯೇ ಹೋಗುತ್ತೆ. ಇದು ನನ್ನ ಯಂತ್ರವೇ ಅಲ್ಲವೇ? ಆದರೆ ಅಜ್ಜಿಯರು ಅದನ್ನು ಹೇಳಿದ್ದು ಆಸೆ ಹುಟ್ಟಿಸಲಿಕ್ಕಲ್ಲ, ಎಚ್ಚರ ಹೇಳಲಿಕ್ಕೆ. ಸಿಟ್ಟಿನಲ್ಲಿ ತಾಯಿ ಮಗನಿಗೆ ‘ಹಾಳಾಗಿ ಹೋಗು’ ಅನ್ನುತ್ತಾಳೆ. ಆ ಮಾತು ವಸ್ತುವಾಗದೆ ಗಾಳಿಯಲ್ಲಿ ಕರಗುವುದರಿಂದಲೇ ಸಂಜೆ ಅದೇ ಮಗನಿಗೆ ಮುದ್ದೆ ಇಕ್ಕುತ್ತಾಳೆ. ಅಂದದ್ದೆಲ್ಲ ಆಗುವ ಊರಿನಲ್ಲಿ ಯಾರಿಗೂ ಬಾಯಿ ಬಿಡುವ ಧೈರ್ಯ ಇರುತ್ತಿರಲಿಲ್ಲ.

ನನ್ನ ಜೊತೆ ಕೆಲಸ ಮಾಡಿದ ವಿಜ್ಞಾನದ ಮೇಷ್ಟ್ರೊಬ್ಬರಿದ್ದಾರೆ. ಇದನ್ನೆಲ್ಲ ಹೇಳಿದಾಗ ಅವರು ಒಪ್ಪಲಿಲ್ಲ. “ನೋಡಿ, ನೀವು ಹೊಟ್ಟೆ ತುಂಬಿದವರ ಹಾಗೆ ಮಾತಾಡ್ತಿದೀರಿ. ಹಸಿದವನು ‘ಅನ್ನ’ ಅಂದ್ರೆ ಅನ್ನ ಬರೋ ಹಾಗಿದ್ರೆ ಬೇಡ ಅನ್ನೋಕೆ ನೀವ್ಯಾರು? ಶ್ರಮ ಶ್ರಮ ಅಂತ ಹೊಗಳೋರು ಯಾವತ್ತೂ ಗದ್ದೆಗೆ ಇಳಿದಿರಲ್ಲ.” ಅವರ ಮಾತಿನಲ್ಲಿ ಹುರುಳಿದೆ. ಅದನ್ನು ತಳ್ಳಿಹಾಕಿ ಮುಂದೆ ಹೋಗುವುದು ಸರಿಯಲ್ಲ.

ಕೆಲವು ವರ್ಷಗಳ ಹಿಂದೆ ನಾವು ಮೇಷ್ಟ್ರುಗಳು ಸೇರಿ ಕೊಡೈಕಾನಲ್‌ಗೆ ಪ್ರವಾಸ ಹೋಗಿದ್ದೆವು. ಕೆರೆ, ಮಂಜು, 1899ರಲ್ಲಿ ಶುರುವಾದ ಸೂರ್ಯನನ್ನು ನೋಡುವ ವೀಕ್ಷಣಾಲಯ ಎಲ್ಲ ನೋಡಿ, ಘಾಟಿ ಇಳಿದು, ತೇನಿಯ ಮೇಲೆ ಕಂಬಂ ಕಣಿವೆಗೆ ಹೋದೆವು. ಎರಡೂ ಕಡೆ ಬೆಟ್ಟ, ನಡುವೆ ದ್ರಾಕ್ಷಿ ಚಪ್ಪರ, ಭತ್ತ, ತೆಂಗು. ಪೆರಿಯಾರ್ ನದಿಗೆ 1895ರಲ್ಲಿ ಕಟ್ಟಿ ಮುಗಿಸಿದ ಅಣೆಕಟ್ಟಿನ ನೀರು ಬೆಟ್ಟದ ಸುರಂಗದಿಂದ ಈ ಕಡೆಗೆ ಹರಿದು ಬರುವುದರಿಂದ ಆ ಹಸಿರು. ಅಲ್ಲಿ ಕನ್ನಡ ಕೇಳೀತು ಎಂದು ನಾವು ಎಣಿಸಿರಲಿಲ್ಲ. ಕಪ್ಪಿಲಿಯರ್ ಎಂದು ಕರೆಯುವ ಒಕ್ಕಲಿಗರು ತಲೆಮಾರುಗಳ ಹಿಂದೆ ನಮ್ಮ ಕಡೆಯಿಂದ ಹೋಗಿ ಅಲ್ಲಿ ನೆಲೆಸಿದವರು. ಶಾಲೆಯಲ್ಲಿ ತಮಿಳು, ಅಂಗಡಿಯಲ್ಲಿ ತಮಿಳು. ಮನೆಯಲ್ಲಿ ಮಾತ್ರ ಒಂದು ಕನ್ನಡ. ದ್ರಾಕ್ಷಿ ಮಾರುತ್ತಿದ್ದ ಅಜ್ಜಿಯೊಬ್ಬರು ನಮ್ಮ ಮಾತು ಕೇಳಿ ತಲೆಯೆತ್ತಿದರು. ಅವರು ಆಡಿದ್ದು ಅರ್ಧ ತಿಳಿಯಿತು, ಅರ್ಧ ತಿಳಿಯಲಿಲ್ಲ. ನಮ್ಮಲ್ಲೊಬ್ಬರು ಚೀಲದ ಮೇಲಿನ ಕನ್ನಡ ಅಕ್ಷರ ತೋರಿಸಿದರೆ ಅದು ಅವರಿಗೆ ಬರೀ ಗೆರೆ. ಪುಸ್ತಕ ಇಲ್ಲ, ಲಿಪಿ ಇಲ್ಲ, ಮೇಷ್ಟ್ರಿಲ್ಲ; ಇಷ್ಟು ಕಾಲ ತಾಯಿಯ ಬಾಯಿಂದ ಮಗುವಿನ ಕಿವಿಗೆ, ಬರೀ ದನಿಯಾಗಿ ದಾಟಿ ಬಂದಿದೆ. ದನಿಯಿಂದ ಒಂದು ಮನೆಯೇ ಕಟ್ಟಿ ನಿಂತಿದೆಯಲ್ಲ ಅನಿಸಿತು. ಆದರೆ ಅದು ಒಂದು ಸಲ ಅಂದು ಆದದ್ದಲ್ಲ. ದಿನಾ ಅನ್ನಬೇಕು, ತಲೆಮಾರಿಗೊಮ್ಮೆ ಮತ್ತೆ ಮೊದಲಿಂದ ಅನ್ನಬೇಕು. ಒಂದು ತಲೆಮಾರು ಸುಮ್ಮನಾದರೆ ಮನೆ ಇಲ್ಲ.

ಆ ಕಣಿವೆಯಲ್ಲೇ ಇನ್ನೊಂದು ನೋಟ. ಬೆಳಗಿನ ಜಾವ, ಇನ್ನೂ ಕತ್ತಲಿರುವಾಗ, ಜೀಪುಗಳ ತುಂಬ ಹೆಂಗಸರು ಕೇರಳದ ಬೆಟ್ಟದ ಏಲಕ್ಕಿ ತೋಟಗಳಿಗೆ ಕೂಲಿಗೆ ಹೋಗುತ್ತಾರೆ. ಕತ್ತಲಾದ ಮೇಲೆ ಇಳಿದು ಬರುತ್ತಾರೆ. ಆ ಏಲಕ್ಕಿ ಬೋಡಿನಾಯಕನೂರಿನ ಹರಾಜಿಗೆ ಬಂದು, ಅಲ್ಲಿಂದ ಎಲ್ಲೆಲ್ಲಿಗೋ ಹೋಗುತ್ತೆ. ನಾನು ಊರಿಗೆ ಬಂದು ಅಂಗಡಿಯಲ್ಲಿ ‘ಏಲಕ್ಕಿ’ ಅಂದೆ. ಒಂದು ಪುಟ್ಟ ಪೊಟ್ಟಣ ಬಂತು. ಆವತ್ತು ನನಗೆ ಹೊಳೆಯಿತು, ಯಂತ್ರ ಬಂದಾಗಿದೆ. ಈಗ ಅಂಗಡಿಗೂ ಹೋಗಬೇಕಾಗಿಲ್ಲ. ನಮ್ಮ ಮೊಮ್ಮಗ ಫೋನಿಗೆ ಬಾಯಲ್ಲೇ ಹೇಳುತ್ತಾನೆ, ಎರಡು ದಿನಕ್ಕೆ ವಸ್ತು ಬಾಗಿಲಲ್ಲಿ. ಕೊಳವೆಗೂ ಬಾಗಿಲಿಗೂ ನಡುವೆ ಇರುವ ಜನ ಮಾತ್ರ ಕಾಣುವುದಿಲ್ಲ: ಜೀಪಿನಲ್ಲಿ ತೂಕಡಿಸುವ ಹೆಂಗಸರು, ಲಾರಿ ಓಡಿಸುವವರು, ಮಳೆಯಲ್ಲಿ ಬೈಕಿನ ಮೇಲೆ ನಮ್ಮ ಬೀದಿ ಹುಡುಕುವ ಹುಡುಗ.

ವಿಜ್ಞಾನದ ಮೇಷ್ಟ್ರು ಕೇಳುತ್ತಾರೆ: ಆ ಹೆಂಗಸರಿಗೆ ಜೀಪು ಬೇಕೋ, ಇನ್ನೆರಡು ಗಂಟೆ ನಿದ್ದೆ ಬೇಕೋ? ನಿದ್ದೆಯೇ ಬೇಕು, ಅನುಮಾನವಿಲ್ಲ. ಬೆನ್ನು ನೋಯುವುದರಲ್ಲಿ ಪುಣ್ಯವೇನೂ ಇಲ್ಲ. ‘ಅನ್ನ’ ಅಂದರೆ ಅನ್ನ, ‘ಔಷಧಿ’ ಅಂದರೆ ಔಷಧಿ ಬರುವ ಯಂತ್ರ ನಿಜವಾಗಿ ಬಂದರೆ ನಾನೇ ಹೋಗಿ ಹೂವು ಹಾಕಿ ನಮಸ್ಕಾರ ಮಾಡಿ ಬರುತ್ತೇನೆ. ಆದ್ದರಿಂದ ಶ್ರಮ ಹೋದೀತು ಎಂಬುದು ನನ್ನ ಭಯವಲ್ಲ. ನನ್ನ ಭಯ ಬೇರೆ: ಮಾತಾಡಿದವನು ಮಾತಿಗೆ ಜವಾಬು ಹೇಳಬೇಕು ಎನ್ನುವುದು ಹೋದೀತು. ಅದಕ್ಕೊಂದು ಉದಾಹರಣೆ ಕೊಡೈಕಾನಲ್‌ನಲ್ಲೇ ಇದೆ.

ಆ ತಂಪು ಊರಿನಲ್ಲಿ ಜ್ವರ ನೋಡುವ ಕಡ್ಡಿ, ಅಂದರೆ ಥರ್ಮಾಮೀಟರ್ ಮಾಡುವ ಕಾರ್ಖಾನೆ ಇತ್ತು. ಅಮೆರಿಕದಿಂದ ಯಂತ್ರಗಳನ್ನು ತಂದು 1980ರ ದಶಕದಲ್ಲಿ ಶುರು ಮಾಡಿದ್ದು. ಆಮೇಲೆ ಅದು ಹಿಂದೂಸ್ತಾನ್ ಲಿವರ್ ಕಂಪನಿಯ ಕೈಗೆ ಬಂತು. ಗಾಜಿನ ಕಡ್ಡಿಯೊಳಗೆ ಪಾದರಸ ಎಷ್ಟು ಚೊಕ್ಕವಾಗಿ ಹೊಳೆಯುತ್ತೆ! ಆದರೆ ಪಾದರಸ ವಿಷ. 2001ರಲ್ಲಿ ಊರಿನ ಗುಜರಿ ಅಂಗಡಿಯೊಂದರಲ್ಲಿ ಪಾದರಸ ಮೆತ್ತಿದ ಗಾಜಿನ ಚೂರುಗಳ ದೊಡ್ಡ ರಾಶಿ ಸಿಕ್ಕಿತು. ಊರಿನವರು, ಕಾರ್ಮಿಕರು, ಪರಿಸರದವರು ಸೇರಿ ಗಲಾಟೆ ಎಬ್ಬಿಸಿದ ಮೇಲೆ ಕಾರ್ಖಾನೆ ಮುಚ್ಚಿತು. 2003ರಲ್ಲಿ ಸುಮಾರು 290 ಟನ್ ಪಾದರಸದ ಕಸವನ್ನು ಹಡಗಿನಲ್ಲಿ ಅಮೆರಿಕಕ್ಕೆ ವಾಪಸು ಕಳಿಸಬೇಕಾಯಿತು. ಕೆಲಸ ಮಾಡಿದವರು ತಮ್ಮ ಆರೋಗ್ಯ ಕೆಟ್ಟಿತು ಎಂದರು. ಕಂಪನಿ ಕೆಲಸದಿಂದ ಹಾಗಾಗಿಲ್ಲ ಎಂದಿತು. 2006ರಲ್ಲಿ ಅವರು ಮದ್ರಾಸ್ ಹೈಕೋರ್ಟಿಗೆ ಹೋದರು. ವರ್ಷಗಳು ಕಳೆದವು.

2015ರಲ್ಲಿ ಚೆನ್ನೈನ ಸೋಫಿಯಾ ಅಶ್ರಫ್ ಎಂಬ ಯುವತಿ ಅಮೆರಿಕದ ಜನಪ್ರಿಯ ಧಾಟಿಯೊಂದಕ್ಕೆ ಕೊಡೈಕಾನಲ್‌ನ ಕಥೆ ಹಾಕಿ ಹಾಡಿದರು. ಫೋನಿನಿಂದ ಫೋನಿಗೆ ಹಾರಿ ಲಕ್ಷಾಂತರ ಜನ ನೋಡಿದರು. 2016ರ ಮಾರ್ಚ್‌ನಲ್ಲಿ ಕಂಪನಿ 591 ಮಂದಿ ಹಳೆಯ ಕೆಲಸಗಾರರ ಜೊತೆ ಒಪ್ಪಂದ ಮಾಡಿಕೊಂಡಿತು. ಮಾನವೀಯತೆಯ ಮೇಲೆ ಕೊಡುತ್ತಿದ್ದೇವೆ ಅಂದಿತು. ಆಗ ಹಾಡು ಹೇಳಿ ಪರಿಹಾರ ತಂದರು ಅಂತ ಎಲ್ಲರೂ ಮಾತಾಡಿಕೊಂಡರು. ದನಿಯಿಂದ ವಸ್ತು!

ಹಾಡಿಗೆ ಬಲ ಇರಲಿಲ್ಲ ಎಂದು ನಾನು ಹೇಳುವುದಿಲ್ಲ. ಆದರೆ ತಟ್ಟೆಯ ಮೇಲಿನ ಮರಳನ್ನು ನೆನೆಯಿರಿ. ಹದಿನೈದು ವರ್ಷ ಕೆಲಸಗಾರರು ಅರ್ಜಿ ಬರೆದರು, ರಕ್ತ ಪರೀಕ್ಷೆ ಮಾಡಿಸಿಕೊಂಡರು, ಬಸ್ಸು ಹತ್ತಿ ಕೋರ್ಟಿಗೆ ಅಲೆದರು. ಅದೆಲ್ಲ ಮೊದಲೇ ಅಲ್ಲಿತ್ತು. ಹಾಡು ಅದನ್ನು ಸಾಲಿಗೆ ನಿಲ್ಲಿಸಿ ಎಲ್ಲರಿಗೂ ಕಾಣುವ ಹಾಗೆ ಮಾಡಿತು. ಇನ್ನೊಂದು: ಎಷ್ಟು ಹಾಡಿದರೂ ಮಣ್ಣಿನೊಳಗಿನ ಪಾದರಸ ಮೇಲೆದ್ದು ಬರುವುದಿಲ್ಲ. ಮಣ್ಣನ್ನು ಅಗೆದೇ ತೊಳೆಯಬೇಕು. ಅಲ್ಲಿ ಕೆಲಸ ಮಾಡಿದ್ದು ದನಿ ಅಷ್ಟೇ ಅಲ್ಲ. ದನಿಯ ಹಿಂದೆ ‘ಇದು ನಿಜ, ಬಂದು ನೋಡಿ’ ಎಂದು ಹೇಳಿ ನಿಂತಿದ್ದ ಜನ.

ಈಗ ಆ ಹುಡುಗಿಯ ಪ್ರಶ್ನೆಗೆ ಬರುತ್ತೇನೆ. ಮೊದಲು ನನಗೆ ಹೊಳೆದ ಉತ್ತರ ತರ್ಕದ್ದು. ಆ ಯಂತ್ರದ ಮುಂದೆ ಸುಳ್ಳು ಹೇಳಲಿಕ್ಕೇ ಆಗುವುದಿಲ್ಲ. ‘ಇಲ್ಲೊಂದು ಕೊಡ ಇದೆ’ ಅಂತ ಸುಳ್ಳು ಹೇಳಿದರೆ ಕೊಡ ಬಂದುಬಿಡುತ್ತೆ, ಸುಳ್ಳು ನಿಜವಾಗಿಬಿಡುತ್ತೆ. ಮೇಲ್ನೋಟಕ್ಕೆ ಇದು ಸತ್ಯಯುಗ. ಆದರೆ ಸ್ವಲ್ಪ ನಿಂತು ನೋಡಿ: ಅಲ್ಲಿ ನಿಜ ಹೇಳಲಿಕ್ಕೂ ಆಗುವುದಿಲ್ಲ. ನಿಜ ಎಂದರೆ ಇದ್ದದ್ದನ್ನು ಇದ್ದ ಹಾಗೆ ಹೇಳುವುದು. ವಸ್ತು ಒಂದು ಕಡೆ, ಮಾತು ಇನ್ನೊಂದು ಕಡೆ ಇದ್ದು, ಎರಡನ್ನೂ ತಾಳೆ ನೋಡಿದರೆ ತಾನೆ ನಿಜವೋ ಸುಳ್ಳೋ ತಿಳಿಯುವುದು? ಮಾತೇ ವಸ್ತುವಾದರೆ ತಾಳೆ ನೋಡುವುದು ಯಾವುದಕ್ಕೆ? ಹಾಗೆಯೇ ಅಲ್ಲಿ ಮಾತು ಕೊಡಲಿಕ್ಕೂ ಆಗುವುದಿಲ್ಲ. ‘ನಾಳೆ ತಂದುಕೊಡ್ತೀನಿ’ ಅನ್ನುವುದು ಇವತ್ತು ಕೈಯಲ್ಲಿ ಇಲ್ಲದ್ದರ ಬಗ್ಗೆ. ಅಂದ ಕೂಡಲೇ ಬಂದರೆ ನಾಳೆಯ ತನಕ ಕಾಯುವವರಿಲ್ಲ, ನಂಬುವವರಿಲ್ಲ, ಮಾತು ಉಳಿಸಿಕೊಳ್ಳುವವರೂ ಇಲ್ಲ. ನಿಜ, ನಂಬಿಕೆ, ಮಾತು ಉಳಿಸಿಕೊಳ್ಳುವುದು, ಈ ಮೂರೂ ಇರುವುದು ಮಾತಿಗೂ ವಸ್ತುವಿಗೂ ನಡುವಿನ ಜಾಗದಲ್ಲಿ. ಆ ಜಾಗವನ್ನು ನಾವು ತಡ, ಕಷ್ಟ, ಅಲೆದಾಟ ಎಂದು ಬಯ್ಯುತ್ತೇವೆ. ಆದರೆ ಮನುಷ್ಯನ ಯೋಗ್ಯತೆ ಗೊತ್ತಾಗುವುದು ಅಲ್ಲೇ.

ಈ ಉತ್ತರ ಬರೆದು ಮುಗಿಸಬಹುದಿತ್ತು. ಆದರೆ ಇದು ಪೂರ್ತಿ ಅಲ್ಲ. ನನ್ನ ಕಥೆ ಹೇಳದೆ ಮುಗಿಸಿದರೆ ಇದೂ ಒಂದು ಸುಳ್ಳಾಗುತ್ತೆ.

ನಾನು ಕೆಲಸ ಮಾಡಿದ ಒಂದು ಶಾಲೆಯಲ್ಲಿ ಬಿಸಿಯೂಟದ ಅಡುಗೆಗೆ ಒಬ್ಬ ಹೆಂಗಸು ಬರುತ್ತಿದ್ದರು. ಗಂಡ ತೀರಿಕೊಂಡರು. ವಿಧವಾ ವೇತನಕ್ಕೆ ಅರ್ಜಿ ಹಾಕಬೇಕು, ಓದು ಬರಹ ಬಾರದು. ರೇಷನ್ ಕಾರ್ಡು, ಮರಣ ಪತ್ರ, ಫೋಟೋ ಎಲ್ಲ ಒಂದು ಪ್ಲಾಸ್ಟಿಕ್ ಕವರಿನಲ್ಲಿ ಹಾಕಿ ನನ್ನ ಕೈಗೆ ಕೊಟ್ಟು, “ನೀವೇ ಒಸಿ ನೋಡಿ ಮೇಷ್ಟ್ರೇ” ಅಂದರು. ‘ಆಗ್ಲಿ ಬಿಡಮ್ಮ’ ಅಂದು ಬೀರುವಿನಲ್ಲಿ ಇಟ್ಟೆ. ಪರೀಕ್ಷೆ ಬಂತು, ಜನಗಣತಿಯ ಹಾಗೆ ಇನ್ನೇನೋ ಕೆಲಸ ಬಂತು. ತಿಂಗಳಾದ ಮೇಲೆ ಕೇಳಿದರು. ಇನ್ನೂ ಹಾಕಿಲ್ಲ ಅನ್ನಲು ನಾಚಿಕೆಯಾಗಿ, “ಹಾಕ್ದೀನಿ ಕಣಮ್ಮ, ಬರುತ್ತೆ” ಅಂದೆ. ನಾಳೆ ಹಾಕಿದರಾಯಿತು, ಮಾತು ನಿಜವಾಗುತ್ತೆ ಅಂತ ಮನಸ್ಸಿನಲ್ಲಿ ಲೆಕ್ಕ. ಮರುತಿಂಗಳು ಕೇಳಿದಾಗ, “ಆಫೀಸಿನೋರು ತಡ ಮಾಡ್ತಾರಮ್ಮ” ಅಂದೆ. ಒಂದು ಸುಳ್ಳಿಗೆ ಇನ್ನೊಂದು ಆಸರೆ. ತಪ್ಪಿಲ್ಲದ ಕಚೇರಿಯ ಮೇಲೆ ನನ್ನ ತಪ್ಪು.

ನಾಲ್ಕು ತಿಂಗಳು ಹೀಗೇ ಹೋಯಿತು. ಒಂದು ದಿನ ಊರಿನ ದಿನಸಿ ಅಂಗಡಿಯವರು, “ಸಾರ್, ಆಯಮ್ಮನ ದುಡ್ಡು ಯಾವಾಗ ಬರುತ್ತೆ?” ಅಂತ ಕೇಳಿದರು. ನಿಮಗ್ಯಾಕೆ ಅಂದೆ. “ಮೇಷ್ಟ್ರು ಹೇಳವ್ರೆ ಬರುತ್ತೆ ಅಂತ, ಅದಕ್ಕೇ ಸಾಲ ಕೊಟ್ಟಿದೀನಿ” ಅಂದರು. ನನ್ನ ಬಾಯಿಂದ ಹೊರಟ ‘ಬರುತ್ತೆ’ ಎಂಬ ದನಿ ಅವರ ಲೆಕ್ಕದ ಪುಸ್ತಕದಲ್ಲಿ ಅಕ್ಕಿಯಾಗಿ, ಬೇಳೆಯಾಗಿ, ಎಣ್ಣೆಯಾಗಿ ಸಾಲುಸಾಲು ನಿಂತಿತ್ತು. ಆವತ್ತೇ ಮಧ್ಯಾಹ್ನ ಹೋಗಿ ಅರ್ಜಿ ಕೊಟ್ಟು ಬಂದೆ. ಅರ್ಧ ದಿನದ ಕೆಲಸ, ಅಷ್ಟೇ. ಮಂಜೂರಾಗಲು ಇನ್ನಷ್ಟು ತಿಂಗಳು ಬೇಕಾಯಿತು. ಕಳೆದುಹೋದ ತಿಂಗಳುಗಳ ಹಣ ಬರಲಿಲ್ಲ. ಅಷ್ಟರಲ್ಲಿ ಅವರು ಅಂಗಡಿಯ ಸಾಲ ತೀರಿಸಲು ಮನೆಯಲ್ಲಿದ್ದ ಮೇಕೆ ಮಾರಿದ್ದರು.

ಮೇಕೆಯ ದುಡ್ಡು ಕೊಡಲು ಹೋದೆ. ತೆಗೆದುಕೊಳ್ಳಲಿಲ್ಲ. “ನಿಮ್ಮದೇನು ತಪ್ಪು ಮೇಷ್ಟ್ರೇ, ಆಫೀಸಿನೋರು ಮಾಡಿದ್ದು” ಅಂದರು. ಆಗಲಾದರೂ ನಿಜ ಹೇಳಬಹುದಿತ್ತು. ಹೇಳಲಿಲ್ಲ. ಆದರೆ ಅವರಿಗೆ ತಿಳಿದಿತ್ತೋ ಏನೋ. ಅಲ್ಲಿಂದಾಚೆ ನಾನು ಯಾವ ಕೆಲಸ ಆಯ್ತು ಅಂದರೂ, ಓದಲು ಬಾರದ ಆ ತಾಯಿ, “ಕಾಗ್ದ ತೋರ್ಸಿ ಮೇಷ್ಟ್ರೇ” ಅನ್ನುತ್ತಿದ್ದರು. ಕಾಗದ ಕೈಗೆ ತೆಗೆದುಕೊಂಡು ತಿರುಗಿಸಿ ಮುರುಗಿಸಿ ನೋಡಿ ವಾಪಸು ಕೊಡುತ್ತಿದ್ದರು. ಅಕ್ಷರ ತಿಳಿಯದವರಿಗೆ ಕಾಗದದ ಮೇಲೆ ಇದ್ದ ನಂಬಿಕೆ, ಅಕ್ಷರ ಕಲಿಸುವವನ ಬಾಯಿಯ ಮೇಲೆ ಇರಲಿಲ್ಲ. ಅವರು ಈಗಿಲ್ಲ. ಅವರಿದ್ದಾಗ ಹೇಳಬೇಕಿದ್ದ ಮಾತನ್ನು ಈಗ ನಿಮ್ಮ ಮುಂದೆ ಬರೆಯುತ್ತಿದ್ದೇನೆ. ಬರೆದರೆ ಮೇಕೆ ವಾಪಸು ಬರುವುದಿಲ್ಲ, ಅದೂ ಗೊತ್ತು.

ಹಾಗಾದರೆ ನನ್ನ ತರ್ಕ ತಪ್ಪಿತು. ಯಂತ್ರದ ಮುಂದೆ ಸುಳ್ಳು ಹೇಳಲು ಆಗುವುದಿಲ್ಲ ಅಂದೆನಲ್ಲ, ನಾವಿರುವ ಲೋಕದಲ್ಲೂ ದನಿ ವಸ್ತು ಹುಟ್ಟಿಸುತ್ತೆ; ನಂಬಿಕೆ ಎಂಬ ತಟ್ಟೆಯ ಮೇಲೆ ಬಿದ್ದರೆ ಸಾಕು. ನಿಜವಾದ ಮಾತೂ ಹುಟ್ಟಿಸುತ್ತೆ, ಸುಳ್ಳೂ ಹುಟ್ಟಿಸುತ್ತೆ. ಮೇಷ್ಟ್ರು, ಪಂಚಾಯ್ತಿ ಮೆಂಬರು, ಡಾಕ್ಟರು, ಮನೆಯ ಹಿರಿಯರು, ಹೀಗೆ ಯಾರ ಮಾತನ್ನು ಜನ ನಂಬುತ್ತಾರೋ ಅವರ ಬಾಯಿಯಲ್ಲಿ ಆ ಕೊಳವೆ ಈಗಾಗಲೇ ಇದೆ. ಓಟಿನ ಕಾಲದಲ್ಲಿ ಮೈಕಿನಿಂದ ಬರುವ ರಸ್ತೆ, ನೀರು, ಸೈಟುಗಳ ಮಾತು ಕೇಳಿ ಎಷ್ಟು ಜನ ಎಷ್ಟು ಸಾಲ ಮಾಡಿಲ್ಲ? ಹಾಗಾಗಿ ನನ್ನ ಮಾತಿನ ಮೊದಲ ಪಾಲು ನಮ್ಮಂಥ ಮೇಷ್ಟ್ರುಗಳಿಗೇ. ‘ಆಗುತ್ತೆ’ ಅನ್ನುವುದಕ್ಕೆ ಮುಂಚೆ ಒಂದು ಉಸಿರು ನಿಲ್ಲೋಣ. ಆಗಿಲ್ಲದಿದ್ದರೆ ‘ಆಗಿಲ್ಲ, ತಪ್ಪು ನನ್ನದು’ ಅನ್ನೋಣ. ಕೇಳುವವರಿಗೆ ಆ ಕ್ಷಣ ಬೇಸರವಾದೀತು, ಆದರೆ ಮೇಕೆ ಉಳಿಯುತ್ತೆ.

ಹೋದ ಶನಿವಾರ ಆ ಹುಡುಗಿ ಮತ್ತೆ ಬಂದಿದ್ದಳು. ಅವಳು ಪ್ರಶ್ನೆ ಮರೆತಿದ್ದಳು; ನಾನೇ ನೆನಪಿಸಿದೆ. ಯಂತ್ರಕ್ಕೆ ಸುಳ್ಳು ಹೇಳಿದರೂ ವಸ್ತು ಬರುತ್ತೆ ಮಗು ಅಂದೆ. ಆದರೆ ಹೇಳಿದವನ ಮನೆ ಬಾಗಿಲಿಗೆ ಬರುವುದಿಲ್ಲ, ನಂಬಿದವರ ಮನೆ ಬಾಗಿಲಿಗೆ ಬರುತ್ತೆ.

ಅವಳು ಸ್ವಲ್ಪ ಹೊತ್ತು ಯೋಚಿಸಿ, “ಹಂಗಾದ್ರೆ ಆ ಯಂತ್ರ ಚೆನ್ನಾಗಿಲ್ಲ ಸಾರ್” ಅಂದಳು.

ಯಂತ್ರದ ಮೇಲೆ ತಪ್ಪು ಹಾಕಬೇಡ ಅನ್ನಲು ಬಾಯಿ ತೆರೆದೆ. ಅವಳಾಗಲೇ ಪುಸ್ತಕದ ಬೀರುವಿನ ಹತ್ತಿರ ಓಡಿದ್ದಳು.